ಗುರಿ ಒಳ್ಳೆಯದಾದರೆ ದಾರಿ ಹೇಗಿದ್ದರೂ ಸರಿಯೇ?

ಶಾಲೆ ತೆರೆದು ಆರನೆಯ ಕೆಲಸದ ದಿನ ಸಮೀಪಿಸಿತೆಂದರೆ ಕಾಸರಗೋಡು, ಮಂಜೇಶ್ವರ ಕಡೆಯ ಕನ್ನಡ ಮಾಧ್ಯಮ ಶಾಲೆಗಳಲ್ಲಿ ಅಧ್ಯಾಪಕರ ಮನಸ್ಸು ಪಾಠದ ಮೇಲಿರುವುದಿಲ್ಲ. ಆ ದಿನದ ಮಕ್ಕಳ ಲೆಕ್ಕವನ್ನು ಆಧರಿಸಿಯೇ ಕೇರಳದಲ್ಲಿ ಆ ವರ್ಷದ ತರಗತಿ ವಿಭಾಗಗಳೂ ಅಧ್ಯಾಪಕ ಹುದ್ದೆಗಳೂ ನಿರ್ಧಾರವಾಗುತ್ತವೆ. ಲೆಕ್ಕ ಇಬ್ಬರು ಮೂವರಷ್ಟು ತಗ್ಗಿದರೂ ‘ಡಿವಿಷನ್ ಫಾಲ್’ ಆಗಬಹುದು, ಅಂದರೆ ಒಂದು ವಿಭಾಗವೂ ಅದರೊಂದಿಗೆ ಒಂದು ಹುದ್ದೆಯೂ ಹೋಗಬಹುದು. ಒಂದು ಶಾಲೆಯನ್ನು ಕಲ್ಪಿಸಿಕೊಳ್ಳೋಣ. ಅಲ್ಲಿ ಮೂರು ಮಕ್ಕಳು ಕಡಿಮೆ ಇದ್ದಾರೆ. ಇಂಗ್ಲಿಷ್ ಮಾಧ್ಯಮ ಶಾಲೆಗೆ ಹೋಗಿರುವ ಮೂವರ ಹೆಸರನ್ನು ಹಾಜರಿ ಪುಸ್ತಕದಲ್ಲಿ ಉಳಿಸಿಕೊಂಡರೆ ಕನ್ನಡ ವಿಭಾಗ ಉಳಿಯುತ್ತದೆ. ನಿವೃತ್ತಿಗೆ ಒಂದೇ ವರ್ಷವಿರುವ ಮುಖ್ಯೋಪಾಧ್ಯಾಯರಿಗೆ ಇದರಿಂದ ಒಂದು ಪೈಸೆಯ ಲಾಭವೂ ಇಲ್ಲ. ಅವರು ಆ ಮೂರು ಹೆಸರುಗಳ ಎದುರು ಹಾಜರಿ ಹಾಕಿದರೆ ಮಾಡಿದ್ದು ತಪ್ಪೇ?

ಕೇಳಿದವರಲ್ಲಿ ಅರ್ಧ ಮಂದಿ ತಕ್ಷಣ ‘ಇಲ್ಲ’ ಎನ್ನುತ್ತಾರೆ, ಉಳಿದವರು ಅಷ್ಟೇ ಬೇಗ ‘ಹೌದು’ ಎನ್ನುತ್ತಾರೆ. ಆದರೆ ಆ ‘ಇಲ್ಲ’ಕ್ಕೂ ‘ಹೌದಿ’ಗೂ ಕಾರಣ ಹೇಳಲು ಹೊರಟಾಗ ಇಬ್ಬರೂ ತಡವರಿಸುತ್ತಾರೆ. ಒಳ್ಳೆಯ ಗುರಿಯು ಅನುಮಾನಾಸ್ಪದ ದಾರಿಯನ್ನು ಸಮರ್ಥಿಸಬಲ್ಲದೇ ಎಂಬ ಹಳೆಯ ಪ್ರಶ್ನೆ ಇದೇ. ಇದಕ್ಕೆ ಸಿದ್ಧ ಉತ್ತರವಿಲ್ಲ. ಆದರೆ ಪ್ರಶ್ನೆಯೊಳಗೆ ಏನೇನು ಅಡಗಿದೆ ಎಂಬುದನ್ನು ಬಿಡಿಸಿ ನೋಡುವುದಕ್ಕೆ ಸಾಧ್ಯವಿದೆ.

ಸಾಧ್ಯ, ಸಾಧನ, ಸಮರ್ಥನೆ

ತಲುಪಬೇಕಾದದ್ದನ್ನು ನಮ್ಮ ಹಿರಿಯರು ‘ಸಾಧ್ಯ’ವೆಂದೂ ತಲುಪಿಸುವುದನ್ನು ‘ಸಾಧನ’ವೆಂದೂ ಕರೆದರು. ಈ ಬರಹದಲ್ಲಿ ಗುರಿ ಮತ್ತು ದಾರಿ ಎಂಬ ಸರಳ ಮಾತುಗಳೇ ಸಾಕು. ದಾರಿ ಕಷ್ಟದ್ದು, ಖರ್ಚಿನದು ಅಥವಾ ನೋವಿನದು ಎಂದ ಮಾತ್ರಕ್ಕೆ ಅದು ಅನುಮಾನಾಸ್ಪದವಾಗುವುದಿಲ್ಲ. ಶಸ್ತ್ರಚಿಕಿತ್ಸಕರ ಕತ್ತಿಯೂ ಹೊಟ್ಟೆ ಸೀಳುತ್ತದೆ, ಆದರೆ ಸೀಳಿಸಿಕೊಳ್ಳುವವನು ಅದಕ್ಕೆ ಒಪ್ಪಿ ಸಹಿ ಹಾಕಿರುತ್ತಾನೆ. ಸುಳ್ಳು, ಮೋಸ, ಬಲಾತ್ಕಾರ, ಕೊಟ್ಟ ಮಾತನ್ನು ಮುರಿಯುವುದು, ಕಾನೂನು ಮೀರುವುದು, ಕೇಳದೆ ಇನ್ನೊಬ್ಬರನ್ನು ಅಪಾಯಕ್ಕೆ ಒಡ್ಡುವುದು ಇಂಥವು ಬಂದಾಗ ಮಾತ್ರ ದಾರಿಯ ಬಗ್ಗೆ ಅನುಮಾನ ಹುಟ್ಟುತ್ತದೆ.

‘ಸಮರ್ಥನೆ’ ಎಂಬ ಮಾತಿನಲ್ಲಿ ಇನ್ನೂ ಹೆಚ್ಚಿನ ಎಚ್ಚರ ಬೇಕು. ಹಸಿದ ಮಗುವಿಗಾಗಿ ತಾಯಿಯೊಬ್ಬಳು ಅಂಗಡಿಯಿಂದ ರೊಟ್ಟಿ ಕದ್ದರೆ, ಆಕೆ ಮಾಡಿದ್ದು ಸರಿ ಎನ್ನುವುದು ಸಮರ್ಥನೆ. ಮಾಡಿದ್ದು ತಪ್ಪೇ, ಆದರೆ ಶಿಕ್ಷಿಸುವುದು ಬೇಡ ಎನ್ನುವುದು ಕ್ಷಮೆ. ತಪ್ಪು, ಶಿಕ್ಷೆಯೂ ಆಗಲಿ, ಆದರೆ ಆಕೆಯ ಸಂಕಟ ಅರ್ಥವಾಗುತ್ತದೆ ಎನ್ನುವುದು ಅನುಕಂಪ. ನಮ್ಮ ಜಗಲಿ ಚರ್ಚೆಗಳಲ್ಲಿ ಜಗಳ ಹುಟ್ಟುವುದು ಬಹುಪಾಲು ಇಲ್ಲೇ. ಒಬ್ಬರು ಕ್ಷಮೆಯ ಮಾತಾಡುತ್ತಿದ್ದರೆ ಇನ್ನೊಬ್ಬರು ಅದನ್ನು ಸಮರ್ಥನೆ ಎಂದು ಕೇಳಿಸಿಕೊಂಡಿರುತ್ತಾರೆ.

ಈ ಪ್ರಶ್ನೆ ಬಂದಾಗಲೆಲ್ಲ ಇಟಲಿಯ ರಾಜಕೀಯ ಚಿಂತಕ ಮಾಕಿಯವೆಲ್ಲಿಯ ಹೆಸರು ಬರುತ್ತದೆ. ‘ಗುರಿಯು ದಾರಿಯನ್ನು ಸಮರ್ಥಿಸುತ್ತದೆ’ ಎಂಬ ವಾಕ್ಯವನ್ನು ಎಲ್ಲರೂ ಅವನ ಬಾಯಿಗೆ ಹಾಕುತ್ತಾರಾದರೂ, ಅವನು ಅದನ್ನು ಆ ರೂಪದಲ್ಲಿ ಬರೆದಿಲ್ಲ. ರಾಜನ ಕೆಲಸಗಳನ್ನು ಜನರು ಫಲಿತಾಂಶದಿಂದ ಅಳೆಯುತ್ತಾರೆ ಎಂದು ಅವನು ಬರೆದ. ಅದು ಜನರ ಬಗೆಗಿನ ಒಂದು ವರದಿ. ಆ ವರದಿ ನಿಜವೇ ಎಂದು ನೋಡಲು ಯಾವುದೇ ಚುನಾವಣೆಯ ಮರುದಿನದ ಚಹಾ ಅಂಗಡಿ ಸಾಕು.

ಮರದ ಮರೆಯಿಂದ ಬಂದ ಬಾಣ

ಈ ವಿಷಯಕ್ಕೆ ದೂರದ ಉದಾಹರಣೆಗಳು ನಮಗೆ ಬೇಕಾಗಿಲ್ಲ. ರಾಮಾಯಣದ ಪ್ರಸಂಗಗಳನ್ನು ಯಕ್ಷಗಾನಕ್ಕೆ ತಂದ ಪಾರ್ತಿಸುಬ್ಬ ಕುಂಬಳೆಯವನು. ವಾಲಿಯ ಪಾತ್ರಕ್ಕೆ ಹೆಸರಾದ ಶೇಣಿ ಗೋಪಾಲಕೃಷ್ಣ ಭಟ್ಟರೂ (1918–2006) ಈ ಸೀಮೆಯವರೇ. ವೇಷವಿಲ್ಲದೆ, ಕುಣಿತವಿಲ್ಲದೆ, ಕುಳಿತಲ್ಲೇ ಮಾತಿನಿಂದ ನಡೆಯುವ ತಾಳಮದ್ದಳೆಯಲ್ಲಿ ವಾಲಿ ಬಿದ್ದ ಮೇಲಿನ ಸಂವಾದವೇ ರಾತ್ರಿಯ ಮುಖ್ಯ ಭಾಗ. ಆ ಒಂದು ಸನ್ನಿವೇಶಕ್ಕಾಗಿ ನಿದ್ದೆ ಬಿಟ್ಟು ಕಾಯುವ ಶ್ರೋತೃಗಳು ಇಂದಿಗೂ ಇದ್ದಾರೆ.

ಸಂಗತಿ ಎಲ್ಲರಿಗೂ ಗೊತ್ತಿದೆ. ಸೀತೆಯನ್ನು ಹುಡುಕಬೇಕಾದ ರಾಮನಿಗೆ ಸುಗ್ರೀವನ ನೆರವು ಬೇಕು, ಸುಗ್ರೀವನಿಗೆ ಅಣ್ಣ ವಾಲಿಯ ವಧೆ ಬೇಕು. ಅಣ್ಣತಮ್ಮಂದಿರು ಹೋರಾಡುತ್ತಿರುವಾಗ ರಾಮನು ಮರೆಯಲ್ಲಿ ನಿಂತು ಬಾಣ ಬಿಡುತ್ತಾನೆ. ವಾಲ್ಮೀಕಿಯ ವಾಲಿ ಬಿದ್ದಲ್ಲಿಂದಲೇ ಕೇಳುವ ಪ್ರಶ್ನೆಗಳನ್ನು ಗಮನವಿಟ್ಟು ನೋಡಬೇಕು. ನಾನು ಇನ್ನೊಬ್ಬನೊಂದಿಗೆ ಹೋರಾಡುತ್ತಿದ್ದೆ, ನಿನ್ನೊಂದಿಗಲ್ಲ. ಎದುರು ಬಾರದೆ ಅಡಗಿ ಹೊಡೆದೆಯಲ್ಲ ಎಂಬುದು ಒಂದು. ಇದು ದಾರಿಯ ಬಗೆಗಿನ ಆಕ್ಷೇಪ. ನಿನ್ನ ದೇಶಕ್ಕಾಗಲಿ ನಿನಗಾಗಲಿ ನಾನು ಯಾವ ಅಪರಾಧ ಮಾಡಿದ್ದೆ ಎಂಬುದು ಇನ್ನೊಂದು. ಇದು ಬೆಲೆ ತೆತ್ತವನ ಪ್ರಶ್ನೆ. ಇವೆರಡಕ್ಕಿಂತಲೂ ಚುಚ್ಚುವುದು ಮೂರನೆಯದು. ನನ್ನನ್ನೇ ಕೇಳಿದ್ದರೆ ಒಂದೇ ದಿನದಲ್ಲಿ ಮೈಥಿಲಿಯನ್ನು ತಂದೊಪ್ಪಿಸುತ್ತಿದ್ದೆ ಎನ್ನುತ್ತಾನೆ ವಾಲಿ. ಎಂದರೆ, ನಿನ್ನ ಗುರಿಗೆ ಬೇರೊಂದು ದಾರಿಯಿತ್ತು, ನೀನು ಹುಡುಕಲಿಲ್ಲ.

ರಾಮನ ಉತ್ತರದಲ್ಲಿ ಒಂದು ವಿಶೇಷವಿದೆ, ಮತ್ತು ಅದು ಬಹುಮಂದಿಯ ಗಮನಕ್ಕೆ ಬರುವುದಿಲ್ಲ. ‘ಸೀತೆಯನ್ನು ಬಿಡಿಸುವುದು ಮಹತ್ಕಾರ್ಯ, ಆದ್ದರಿಂದ ಮರೆಯಿಂದ ಹೊಡೆದದ್ದು ಸರಿ’ ಎಂದು ಅವನು ವಾದಿಸುವುದೇ ಇಲ್ಲ. ನೀನು ತಮ್ಮನ ಹೆಂಡತಿಯನ್ನು ಇಟ್ಟುಕೊಂಡೆ, ಇದು ಅದಕ್ಕೆ ದಂಡನೆ. ಈ ಭೂಮಿ ಭರತನ ಆಳ್ವಿಕೆಯದು, ದಂಡಿಸುವ ಅಧಿಕಾರ ನಮಗಿದೆ. ಸುಗ್ರೀವನಿಗೆ ಮಾತು ಕೊಟ್ಟಿದ್ದೆ. ಬೇಟೆಯಲ್ಲಿ ಮೃಗವನ್ನು ಮರೆಯಿಂದ ಹೊಡೆಯುವುದು ದೋಷವಲ್ಲ ಎಂಬುವು ಅವನ ವಾದಗಳು. ಅವು ಎಷ್ಟು ಗಟ್ಟಿಯೆಂಬ ಚರ್ಚೆ ಸಾವಿರಾರು ವರ್ಷಗಳಿಂದ ಮುಗಿದಿಲ್ಲ. ಆದರೆ ಪ್ರತಿಯೊಂದೂ ದಾರಿಯನ್ನೇ ಶುದ್ಧವೆಂದು ತೋರಿಸಲು ಹೊರಟ ವಾದ. ಗುರಿಯನ್ನು ಮುಂದಿಟ್ಟು ದಾರಿಯನ್ನು ಮರೆಸುವ ಪ್ರಯತ್ನ ಅಲ್ಲಿಲ್ಲ.

ಮಹಾಭಾರತದ ಧರ್ಮರಾಯನದು ಇದಕ್ಕೆ ವ್ಯತಿರಿಕ್ತವಾದ ಪ್ರಕರಣ. ‘ಅಶ್ವತ್ಥಾಮ ಹತನಾದ’ ಎಂದು ಗಟ್ಟಿಯಾಗಿಯೂ ಸತ್ತದ್ದು ಆನೆಯೆಂಬುದನ್ನು ಕೇಳಿಸದಂತೆಯೂ ಹೇಳಿದಾಗ ದ್ರೋಣರು ಶಸ್ತ್ರ ಕೆಳಗಿಟ್ಟರು, ಗುರಿ ಕೈಗೂಡಿತು. ಆದರೆ ಅಲ್ಲಿಯವರೆಗೆ ನೆಲದಿಂದ ನಾಲ್ಕು ಅಂಗುಲ ಮೇಲೆ ಸಾಗುತ್ತಿದ್ದ ಅವನ ರಥ ನೆಲಕ್ಕೆ ತಾಗಿತು. ಗೆಲುವನ್ನು ಕವಿ ಕಸಿದುಕೊಳ್ಳಲಿಲ್ಲ, ಹಾಗೆಂದು ಲೆಕ್ಕದಿಂದ ಸುಳ್ಳನ್ನು ಅಳಿಸಲೂ ಇಲ್ಲ. ಅಮೆರಿಕದ ಚಿಂತಕ ಮೈಕೆಲ್ ವಾಲ್ಜರ್ 1973ರಲ್ಲಿ ಆಳುವವರ ‘ಕೊಳಕು ಕೈ’ಗಳ ಬಗ್ಗೆ ಬರೆದದ್ದು ಇದೇ ಸ್ಥಿತಿಯನ್ನು: ಮಾಡಲೇಬೇಕಾಗಿ ಬಂದ ಕೆಲಸವೂ ಮಾಡಿದವನ ಮೇಲೆ ಕಲೆ ಉಳಿಸಬಹುದು.

ಫಲ ನೋಡುವವರು, ಕೃತ್ಯ ನೋಡುವವರು

ಪಾಶ್ಚಾತ್ಯ ತತ್ತ್ವಶಾಸ್ತ್ರದಲ್ಲಿ ಎರಡು ದೊಡ್ಡ ಬಣಗಳಿವೆ. ಇಂಗ್ಲೆಂಡಿನ ಜೆರೆಮಿ ಬೆಂಥಾಮ್ (1748–1832) ಮತ್ತು ಜಾನ್ ಸ್ಟುವರ್ಟ್ ಮಿಲ್ (1806–1873) ಅವರದು ಫಲವನ್ನು ನೋಡುವ ಬಣ. ಒಂದು ಕೆಲಸದಿಂದ ಸಂಬಂಧಪಟ್ಟವರಿಗೆಲ್ಲ ಒಟ್ಟಾರೆ ಎಷ್ಟು ಸುಖ, ಎಷ್ಟು ದುಃಖ ಎಂದು ತೂಗಿ, ಸುಖದ ತಟ್ಟೆ ಭಾರವಾದರೆ ಕೆಲಸ ಸರಿ. ಅವರ ಪ್ರಕಾರ ಹಾಜರಿ ಪುಸ್ತಕದ ಪ್ರಶ್ನೆ ಒಂದು ಕೂಡುಕಳೆಯುವ ಲೆಕ್ಕ. ಅದನ್ನು ಕೀಳೆಂದು ತಳ್ಳಿಹಾಕುವಂತಿಲ್ಲ, ಏಕೆಂದರೆ ಈ ಲೆಕ್ಕದಲ್ಲಿ ಯಾರ ನೋವೂ ಇನ್ನೊಬ್ಬರ ನೋವಿಗಿಂತ ಹಗುರವಲ್ಲ.

ಜರ್ಮನಿಯ ಇಮಾನುಯೆಲ್ ಕಾಂಟ್ (1724–1804) ಇದಕ್ಕೆ ಎದುರು ನಿಂತವನು. ಮನುಷ್ಯನನ್ನು ಎಂದಿಗೂ ಬರೀ ಸಾಧನವಾಗಿ ಬಳಸಬಾರದು ಎಂಬುದು ಅವನ ತಿರುಳು. ಇನ್ನೊಬ್ಬರನ್ನು ಸಾಧನವಾಗಿ ಬಳಸುವುದೇ ತಪ್ಪೆಂದು ಅವನು ಹೇಳಲಿಲ್ಲ. ನಾವು ರಿಕ್ಷಾ ಹತ್ತಿದಾಗ ಚಾಲಕನನ್ನು ಊರು ತಲುಪುವ ಸಾಧನವಾಗಿಯೇ ಬಳಸುತ್ತೇವೆ, ಆದರೆ ಬಾಡಿಗೆ ಒಪ್ಪಿಕೊಂಡು ಗಾಡಿ ತಿರುಗಿಸಿದವನು ಅವನೇ. ‘ಬರೀ’ ಎಂಬುದು ಅಲ್ಲಿನ ಮುಖ್ಯ ಪದ. ಸುಳ್ಳು ಹೇಳಿಸಿಕೊಂಡವನಿಗೆ ಒಪ್ಪುವ ಅಥವಾ ನಿರಾಕರಿಸುವ ಅವಕಾಶವೇ ಇರುವುದಿಲ್ಲವಾದ್ದರಿಂದ ಸುಳ್ಳು ಅವನನ್ನು ವಸ್ತುವಾಗಿಸುತ್ತದೆ. ಕಾಂಟ್ ಇದನ್ನು ಎಲ್ಲಿಯವರೆಗೆ ಎಳೆದನೆಂದರೆ, ಮನೆಯಲ್ಲಿ ಅಡಗಿರುವ ಗೆಳೆಯನನ್ನು ಹುಡುಕಿಕೊಂಡು ಬಂದ ಕೊಲೆಗಾರನಿಗೂ ಸುಳ್ಳು ಹೇಳಬಾರದೆಂದು 1797ರಲ್ಲಿ ಬರೆದ. ಇಲ್ಲಿ ಅವನ ಅನುಯಾಯಿಗಳಲ್ಲೇ ಹೆಚ್ಚಿನವರು ಅವನ ಕೈಬಿಡುತ್ತಾರೆ.

ಫಲದ ಬಣಕ್ಕೂ ಇಂಥದೇ ಇಕ್ಕಟ್ಟಿದೆ. ಐವರು ರೋಗಿಗಳಿಗೆ ಬೇರೆ ಬೇರೆ ಅಂಗಗಳು ಬೇಕಾಗಿವೆ; ತಪಾಸಣೆಗೆ ಬಂದ ಆರೋಗ್ಯವಂತನೊಬ್ಬನನ್ನು ಕೊಂದರೆ ಐವರೂ ಬದುಕುತ್ತಾರೆ. ಲೆಕ್ಕ ಸರಿಯಿದೆ, ಆದರೂ ಆ ಆಸ್ಪತ್ರೆಯ ಮೆಟ್ಟಿಲು ಹತ್ತಲು ಯಾರೂ ಒಪ್ಪುವುದಿಲ್ಲ. ಹೀಗೆ ಕೊನೆಯವರೆಗೂ ಎಳೆದರೆ ಎರಡು ದಾರಗಳೂ ತುಂಡಾಗುತ್ತವೆ. ಹೆಚ್ಚಿನವರು ಬದುಕುವುದು ಇವೆರಡರ ನಡುವಿನ ಜಾಗದಲ್ಲಿ.

ಹಿಟ್ಟಿನ ಕೋಳಿ

ಫಲ ಮತ್ತು ಕೃತ್ಯಗಳ ನಡುವೆ ಉದ್ದೇಶವೆಂಬ ಮೂರನೆಯದೊಂದಿದೆ. ಕನ್ನಡದಲ್ಲಿ ಅದನ್ನು ಜನ್ನನಷ್ಟು ಆಳವಾಗಿ ಕೆದಕಿದವರು ಕಡಿಮೆ. 1209ರ ‘ಯಶೋಧರ ಚರಿತೆ’ಯಲ್ಲಿ ದುಃಸ್ವಪ್ನದ ಶಾಂತಿಗೆ ದೇವಿಗೆ ಬಲಿ ಕೊಡಬೇಕೆಂದು ತಾಯಿ ಹಟ ಹಿಡಿಯುತ್ತಾಳೆ, ಮಗ ಹಿಂಸೆಗೆ ಒಪ್ಪುವುದಿಲ್ಲ. ಕೊನೆಗೆ ರಾಜಿಯಾಗಿ ಹಿಟ್ಟಿನಿಂದ ಮಾಡಿದ ಕೋಳಿಯನ್ನು ಕಡಿಯುತ್ತಾರೆ. ಯಾವ ಜೀವವೂ ಹೋಗಲಿಲ್ಲ. ಆದರೆ ಕೊಲ್ಲುವ ಸಂಕಲ್ಪವಿತ್ತು. ಅಷ್ಟಕ್ಕೇ ತಾಯಿಮಗ ಇಬ್ಬರೂ ಪ್ರಾಣಿಜನ್ಮಗಳಲ್ಲಿ ತೊಳಲುತ್ತಾರೆ. ಜೈನ ಚಿಂತನೆ ಇದನ್ನು ಸಂಕಲ್ಪಹಿಂಸೆ ಎನ್ನುತ್ತದೆ. ಫಲದ ಬಣದವರಿಗೆ ಈ ಕಥೆ ಅರ್ಥವಾಗುವುದೇ ಕಷ್ಟ.

ಇದರ ಇನ್ನೊಂದು ಮಗ್ಗುಲು ಯುರೋಪಿನಲ್ಲಿ ಕ್ರೈಸ್ತ ಚಿಂತಕ ಥಾಮಸ್ ಅಕ್ವಿನಾಸನ ಕಾಲದಿಂದ ಬೆಳೆದುಬಂದ ‘ಇಬ್ಬಗೆಯ ಪರಿಣಾಮ’ದ ತತ್ತ್ವ. ಕೊಳೆರೋಗಕ್ಕೆ ಅಡಕೆ ಮರಕ್ಕೆ ಬೋರ್ಡೋ ದ್ರಾವಣ ಸಿಂಪಡಿಸುವಾಗ ನಾಲ್ಕು ಹನಿ ಪಕ್ಕದವರ ವೀಳ್ಯದೆಲೆಯ ಮೇಲೆ ಬೀಳುತ್ತದೆಂದು ಗೊತ್ತಿದ್ದೂ ಸಿಂಪಡಿಸುವುದು ಬೇರೆ, ಅವರ ಬಳ್ಳಿ ಕೆಡಲೆಂದೇ ಸಿಂಪಡಿಸುವುದು ಬೇರೆ. ಮೊದಲನೆಯದರಲ್ಲಿ ಕೆಡುಕು ನಿರೀಕ್ಷಿತ, ಎರಡನೆಯದರಲ್ಲಿ ಉದ್ದೇಶಿತ. ಆದರೆ ಮೊದಲನೆಯದಕ್ಕೂ ಶರತ್ತುಗಳಿವೆ: ಕೆಡುಕು ಒಳಿತನ್ನು ಮೀರಬಾರದು, ತಪ್ಪಿಸಬಹುದಾದಷ್ಟನ್ನು ತಪ್ಪಿಸಿರಬೇಕು. ಈ ಎರಡು ಶರತ್ತುಗಳು ನಮ್ಮ ಜಿಲ್ಲೆಯಲ್ಲಿ ಬರೀ ಪುಸ್ತಕದ ಮಾತಾಗಿ ಉಳಿಯಲಿಲ್ಲ.

ಗೇರು ಗುಡ್ಡೆಯ ಮೇಲಿನ ಹೆಲಿಕಾಪ್ಟರ್

ಸರ್ಕಾರಿ ಸ್ವಾಮ್ಯದ ಪ್ಲಾಂಟೇಶನ್ ಕಾರ್ಪೊರೇಶನ್ನಿನ ಗೇರು ತೋಟಗಳು ಕಾಸರಗೋಡಿನ ಗುಡ್ಡಗಳ ಮೇಲೆ ಸಾವಿರಾರು ಎಕರೆ ಹಬ್ಬಿವೆ. ಗೇರಿನ ಚಿಗುರು ಮತ್ತು ಹೂಗೊಂಚಲುಗಳ ರಸ ಹೀರಿ ಫಸಲು ಕೆಡಿಸುವ ಚಹಾ ಸೊಳ್ಳೆ ಎಂಬ ಕೀಟದ ಹತೋಟಿಗೆ ಎಂಡೋಸಲ್ಫಾನ್ ಕೀಟನಾಶಕವನ್ನು ಎಪ್ಪತ್ತರ ದಶಕದ ಕೊನೆಯ ಭಾಗದಿಂದ 2000ದವರೆಗೂ ಹೆಲಿಕಾಪ್ಟರಿನಿಂದ ಸಿಂಪಡಿಸಲಾಯಿತು. ಫಸಲು, ಸಂಸ್ಕರಣಾ ಘಟಕಗಳ ಕೆಲಸ, ವಿದೇಶೀ ವಿನಿಮಯ ಎಲ್ಲವೂ ಸೇರಿದ ಆ ಗುರಿಯಲ್ಲಿ ತಪ್ಪು ಹುಡುಕುವುದು ಕಷ್ಟ.

ದಾರಿಯನ್ನು ನೋಡಬೇಕಾದರೆ ಇಲ್ಲಿನ ನೆಲ ನೋಡಬೇಕು. ಗೇರು ಗುಡ್ಡೆಯ ನೆತ್ತಿಯಲ್ಲಿದೆ. ಮನೆ, ಅಡಕೆ ತೋಟ, ತೋಡು, ಕೆರೆ, ಗುಡ್ಡದ ಒಡಲನ್ನು ಕೊರೆದು ನೀರು ತರುವ ಸುರಂಗ ಎಲ್ಲವೂ ಇಳಿಜಾರಿನಲ್ಲಿವೆ. ಮೇಲಿಂದ ಬಿದ್ದದ್ದು ಮಳೆಗಾಲದಲ್ಲಿ ಕೆಳಗೆ ಬರಲೇಬೇಕು. ಎಣ್ಮಕಜೆ ಪಂಚಾಯತಿನ ಪಡ್ರೆಯಂಥ ಊರುಗಳಲ್ಲಿ ಮಕ್ಕಳ ಅಂಗವೈಕಲ್ಯ, ನರಸಂಬಂಧಿ ತೊಂದರೆ ಮತ್ತಿತರ ಕಾಯಿಲೆಗಳು ಅಸಹಜವಾಗಿ ಕಂಡವು. ಸ್ಥಳೀಯ ವೈದ್ಯರೂ ಪತ್ರಕರ್ತರೂ ಅದನ್ನು ಹೊರಗೆ ತಂದರು. ಕಾಯಿಲೆಗಳಿಗೂ ರಾಸಾಯನಿಕಕ್ಕೂ ಇರುವ ನಂಟಿನ ಬಗ್ಗೆ ತಜ್ಞರೊಳಗೆ ವಾದವಿವಾದ ನಡೆದೇ ಇತ್ತು. 2011ರ ಏಪ್ರಿಲಿನಲ್ಲಿ, ಬೇಗ ಕರಗದೆ ಉಳಿಯುವ ವಿಷರಾಸಾಯನಿಕಗಳ ಕುರಿತ ಸ್ಟಾಕ್‌ಹೋಮ್ ಒಪ್ಪಂದದ ದೇಶಗಳು ಎಂಡೋಸಲ್ಫಾನನ್ನು ಹಂತಹಂತವಾಗಿ ಕೈಬಿಡಲು ಒಪ್ಪಿದವು, ಮರುತಿಂಗಳು ಸುಪ್ರೀಂ ಕೋರ್ಟ್ ದೇಶದಲ್ಲಿ ಅದರ ಉತ್ಪಾದನೆ ಮತ್ತು ಮಾರಾಟವನ್ನು ತಡೆಯಿತು. 2017ರ ಜನವರಿಯಲ್ಲಿ ಸಂತ್ರಸ್ತರಿಗೆ ತಲಾ 5 ಲಕ್ಷ ರೂಪಾಯಿಯನ್ನು 3 ತಿಂಗಳೊಳಗೆ ಕೊಡುವಂತೆ ಕೇರಳ ಸರ್ಕಾರಕ್ಕೆ ಆದೇಶಿಸಿತು.

ಇಲ್ಲಿ ಯಾರೂ ಮಕ್ಕಳಿಗೆ ಕೇಡು ಬಯಸಿರಲಿಲ್ಲ, ಹಾಗಾಗಿ ಜನ್ನನ ಅಳತೆಗೋಲು ಹೆಚ್ಚು ನೆರವಾಗದು. ವಾಲಿಯ ಮೂರು ಪ್ರಶ್ನೆಗಳು ಮಾತ್ರ ಒಂದೂ ಬಿಡದೆ ಅನ್ವಯಿಸುತ್ತವೆ. ಹೋರಾಟ ಕೀಟದೊಂದಿಗೆ, ಬಾಣ ತಾಗಿದ್ದು ಬೇರೆಯವರಿಗೆ. ಫಸಲಿನ ಲಾಭದ ಪಾಲು ಪಡೆಯದವರೇ ನೀರು ಕುಡಿದವರು. ಆಕಾಶದಿಂದ ಸುರಿಯುವುದಲ್ಲದೆ ಬೇರೆ ದಾರಿಯೇ ಇರಲಿಲ್ಲವೇ ಎಂಬುದಕ್ಕೆ, ಸಿಂಪಡಣೆ ನಿಂತ ಮೇಲೂ ಗುಡ್ಡಗಳಲ್ಲಿ ಗೇರು ಫಸಲು ಬರುತ್ತಲೇ ಇರುವುದು ಒಂದು ಉತ್ತರ. ಇನ್ನೂ ಒಂದು ಮಾತಿದೆ. ಗುರಿ ಎಂದರೆ ಮುಂದೆ ಬರಬಹುದಾದ ಒಳಿತು, ದಾರಿಯ ಕೆಡುಕು ಈಗಲೇ ಆಗುವಂಥದು. ಒಂದು ಊಹೆಯನ್ನು ಒಂದು ಖಚಿತದೊಂದಿಗೆ ತೂಗುತ್ತಿದ್ದೇವೆಂಬುದನ್ನು ತಕ್ಕಡಿ ಹಿಡಿದವರು ಸುಲಭವಾಗಿ ಮರೆಯುತ್ತಾರೆ, ಅದರಲ್ಲೂ ತಕ್ಕಡಿ ಇರುವ ಕಚೇರಿ ಗುಡ್ಡೆಯಿಂದ ದೂರವಿದ್ದಾಗ.

ತಲಪಾಡಿಯ ಮಣ್ಣು

2020ರ ಮಾರ್ಚಿನಲ್ಲಿ ಕೋವಿಡ್ ಹರಡದಂತೆ ತಡೆಯಲು ಕರ್ನಾಟಕವು ಕೇರಳದ ಗಡಿಯನ್ನು ಮುಚ್ಚಿತು. ತಲಪಾಡಿಯಲ್ಲಿ ರಾಷ್ಟ್ರೀಯ ಹೆದ್ದಾರಿ ಬಂದ್ ಆಯಿತು, ಹಲವು ಒಳರಸ್ತೆಗಳಿಗೆ ಮಣ್ಣು ಸುರಿಯಲಾಯಿತು. ಆಗ ಕಾಸರಗೋಡಿನಲ್ಲಿ ಸೋಂಕು ಹೆಚ್ಚಿದ್ದುದು ನಿಜ, ಸೋಂಕು ತಡೆಯುವ ಗುರಿಯೂ ಒಳ್ಳೆಯದೇ. ಆದರೆ ಜಿಲ್ಲೆಯ ಉತ್ತರ ಭಾಗದವರಿಗೆ ದೊಡ್ಡ ಆಸ್ಪತ್ರೆ ಎಂದರೆ ಕಾಸರಗೋಡು ಪಟ್ಟಣದಿಂದ ಸುಮಾರು 50 ಕಿಲೋಮೀಟರ್ ದೂರದ ಮಂಗಳೂರು. ಡಯಾಲಿಸಿಸ್, ಹೃದ್ರೋಗ, ಹೆರಿಗೆ ಯಾವುದೂ ಸೋಂಕಿಗಾಗಿ ಕಾಯುವುದಿಲ್ಲ. ಗಡಿ ದಾಟಲಾಗದೆ ರೋಗಿಗಳು ತೀರಿಕೊಂಡ ವರದಿಗಳು ಒಂದರ ಹಿಂದೆ ಒಂದು ಬಂದವು. ಏಪ್ರಿಲ್ 1ರಂದು ಕೇರಳ ಹೈಕೋರ್ಟ್ ಹೆದ್ದಾರಿಯ ತಡೆ ತೆರವುಗೊಳಿಸುವಂತೆ ಕೇಂದ್ರಕ್ಕೆ ಸೂಚಿಸಿತು, ವಿಷಯ ಸುಪ್ರೀಂ ಕೋರ್ಟಿಗೆ ಹೋಯಿತು. ಏಪ್ರಿಲ್ 7ರ ಹೊತ್ತಿಗೆ, ತುರ್ತು ರೋಗಿಗಳನ್ನು ತಪಾಸಣೆ ಮಾಡಿ ಒಳಬಿಡುವ ಕ್ರಮಕ್ಕೆ ಎರಡೂ ರಾಜ್ಯಗಳು ಒಪ್ಪಿದ್ದರಿಂದ ಪ್ರಕರಣ ಮುಗಿಯಿತು.

ಸುಮಾರು ಎರಡು ವಾರಗಳಲ್ಲಿ ಸಿಕ್ಕ ಆ ಮಧ್ಯದ ದಾರಿ ಮೊದಲ ದಿನವೇ ಸಿಗಬಹುದಿತ್ತೇ? ಸಾಂಕ್ರಾಮಿಕದ ಗಾಬರಿಯಲ್ಲಿ ಆಡಳಿತಕ್ಕೆ ಅಷ್ಟು ಸಮಯವಿರಲಿಲ್ಲ ಎಂಬ ವಾದವೂ ಹುರುಳಿಲ್ಲದ್ದಲ್ಲ. ಭಾಷೆಯ ನಂಟಿನಿಂದ ಕರ್ನಾಟಕದ ಕಡೆ ಮುಖ ಮಾಡಿ ಬದುಕುವ ಕಾಸರಗೋಡಿನ ಕನ್ನಡಿಗರಿಗೆ ಆ ಮಣ್ಣಿನ ರಾಶಿ ಬೇರೆಯದೇ ರೀತಿಯಲ್ಲಿ ನೋಯಿಸಿತೆಂಬುದನ್ನು ಇಲ್ಲಿ ಹೇಳದಿರಲಾರೆ. ಆದರೆ ಅದು ಈ ಲೆಕ್ಕಕ್ಕೆ ಸೇರಿದ್ದಲ್ಲ.

ಒಂದು ಗಡಿಯಾರದ ಲೆಕ್ಕ

ಗುರಿ ಮತ್ತು ದಾರಿಗಳನ್ನು ಬೇರೆ ಬೇರೆಯಾಗಿ ತೂಗುವುದೇ ತಪ್ಪು ಎಂದವರು ಗಾಂಧೀಜಿ. 1909ರಲ್ಲಿ ಬರೆದ ‘ಹಿಂದ್ ಸ್ವರಾಜ್’ನಲ್ಲಿ ಅವರು ಸಾಧನವನ್ನು ಬೀಜಕ್ಕೂ ಸಾಧ್ಯವನ್ನು ಮರಕ್ಕೂ ಹೋಲಿಸುತ್ತಾರೆ. ಆ ಹೋಲಿಕೆ ಪ್ರಸಿದ್ಧ. ಆದರೆ ಅಲ್ಲೇ ಬರುವ ಗಡಿಯಾರದ ಉದಾಹರಣೆ ಇನ್ನೂ ಸ್ಪಷ್ಟವಾಗಿದೆ. ನಿಮ್ಮ ಗಡಿಯಾರ ನನಗೆ ಬೇಕು. ಹೊಡೆದು ಕಿತ್ತುಕೊಂಡರೆ ಅದು ಕಳವಿನ ಮಾಲು, ದುಡ್ಡು ಕೊಟ್ಟರೆ ನನ್ನ ಸೊತ್ತು, ಬೇಡಿ ಪಡೆದರೆ ದಾನ. ಗಡಿಯಾರ ಒಂದೇ, ಆದರೆ ದಾರಿಗೆ ತಕ್ಕಂತೆ ಸಿಕ್ಕಿದ ವಸ್ತುವೇ ಬದಲಾಯಿತು. 1922ರ ಫೆಬ್ರವರಿ 4ರಂದು ಚೌರಿಚೌರಾದಲ್ಲಿ ಗುಂಪು ಠಾಣೆಗೆ ಬೆಂಕಿಯಿಟ್ಟು 20ಕ್ಕೂ ಹೆಚ್ಚು ಪೊಲೀಸರು ಸತ್ತಾಗ, ಉತ್ತುಂಗದಲ್ಲಿದ್ದ ಅಸಹಕಾರ ಚಳವಳಿಯನ್ನೇ ಅವರು ನಿಲ್ಲಿಸಿದ್ದು ಇದೇ ನಂಬಿಕೆಯಿಂದ. ಒಡನಾಡಿಗಳಲ್ಲಿ ಹಲವರಿಗೆ ಅದು ಸರಿಕಾಣಲಿಲ್ಲ. ದಾರಿಯ ಶುದ್ಧಿಗಾಗಿ ಗುರಿಯನ್ನು ಮುಂದೂಡುವುದಕ್ಕೂ ಒಂದು ಬೆಲೆಯಿದೆ, ಅದನ್ನೂ ಯಾರೋ ತೆರುತ್ತಾರೆ ಎಂಬ ಅವರ ಆಕ್ಷೇಪಕ್ಕೆ ತೂಕವಿದೆ.

ಮತ್ತೆ ಹಾಜರಿ ಪುಸ್ತಕಕ್ಕೆ

ಇನ್ನು ಆ ಮೂರು ಹೆಸರುಗಳು. ಮುಖ್ಯೋಪಾಧ್ಯಾಯರ ಸಂಕಲ್ಪದಲ್ಲಿ ಸ್ವಾರ್ಥವಿಲ್ಲ. ಫಲದ ಲೆಕ್ಕದಲ್ಲಿ ಒಂದು ಕನ್ನಡ ವಿಭಾಗ ಉಳಿಯುತ್ತದೆ. ಆದರೆ ಸುಳ್ಳು ಒಂದೇ ದಿನಕ್ಕೆ ನಿಲ್ಲುವುದಿಲ್ಲ: ಹಾಜರಿಗೆ ತಕ್ಕಂತೆ ಮಧ್ಯಾಹ್ನದೂಟದ ಅಕ್ಕಿಯ ಲೆಕ್ಕ, ಪಠ್ಯಪುಸ್ತಕದ ಲೆಕ್ಕ, ಪರೀಕ್ಷೆಯ ಲೆಕ್ಕ ಎಲ್ಲವೂ ಸುಳ್ಳಾಗಬೇಕು, ಪ್ರತಿಯೊಂದಕ್ಕೂ ಇನ್ನೊಬ್ಬ ಅಧ್ಯಾಪಕ ಕೈಜೋಡಿಸಬೇಕು. ಬೆಲೆ ತೆರುವವರಲ್ಲಿ ಅವರೂ ಸೇರುತ್ತಾರೆ. ನಾಳೆ ಸಿಕ್ಕಿಬಿದ್ದರೆ ಪಕ್ಕದ ಶಾಲೆಯ ನಿಜವಾದ ಕನ್ನಡ ಮಕ್ಕಳ ಲೆಕ್ಕವನ್ನೂ ಅಧಿಕಾರಿಗಳು ಅನುಮಾನದಿಂದಲೇ ನೋಡುತ್ತಾರೆ. ಗಡಿಯಾರದ ಉದಾಹರಣೆಯಂತೆ, ಹಾಗೆ ಉಳಿದದ್ದು ಕನ್ನಡ ವಿಭಾಗವೇ ಅಥವಾ ಕನ್ನಡ ವಿಭಾಗವೆಂಬ ಹೆಸರಿನ ಒಂದು ದಾಖಲೆಯೇ ಎಂಬ ಪ್ರಶ್ನೆಯೂ ಏಳುತ್ತದೆ. ಇನ್ನೊಂದು ತಟ್ಟೆಯಲ್ಲಿ, ಒಮ್ಮೆ ಹೋದ ವಿಭಾಗ ಮರಳಿ ಬರುವುದು ತೀರಾ ವಿರಳವೆಂಬ ನಮ್ಮ ಊರುಗಳ ಅನುಭವವಿದೆ. ಮಗುವೊಂದು ಕಲಿಯುವ ಭಾಷೆ ಹೋಗುವುದು ಕಡತದ ಸುಳ್ಳಿಗಿಂತ ಸಣ್ಣ ಕೆಡುಕೆಂದು ಹೇಳಲು ನನಗೆ ಬಾಯಿ ಬರುವುದಿಲ್ಲ.

ಉಳಿದದ್ದು ವಾಲಿಯ ಮೂರನೆಯ ಪ್ರಶ್ನೆ: ಬೇರೆ ದಾರಿ ಹುಡುಕಿದ್ದಾಯಿತೇ? 1956ರಲ್ಲಿ ರಾಜ್ಯಗಳ ಪುನರ್ವಿಂಗಡಣೆಯಾಗಿ ಕಾಸರಗೋಡು ಕೇರಳಕ್ಕೆ ಸೇರಿದಾಗ, ಅದೇ ವರ್ಷದ 7ನೆಯ ತಿದ್ದುಪಡಿಯ ಮೂಲಕ ಸಂವಿಧಾನಕ್ಕೆ 350ಎ ವಿಧಿ ಸೇರಿತು. ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯ ಶಿಕ್ಷಣಕ್ಕೆ ಸಾಕಷ್ಟು ಸೌಲಭ್ಯ ಒದಗಿಸಲು ಪ್ರತಿಯೊಂದು ರಾಜ್ಯವೂ ಪ್ರಯತ್ನಿಸಬೇಕೆಂದು ಅದು ಹೇಳುತ್ತದೆ. ಅದರ ಬೆನ್ನಿಗೇ ಬಂದ 350ಬಿ ವಿಧಿಯಡಿ ಭಾಷಾ ಅಲ್ಪಸಂಖ್ಯಾತರ ರಕ್ಷಣೆಯ ವಿಷಯಗಳನ್ನು ಪರಿಶೀಲಿಸಿ ರಾಷ್ಟ್ರಪತಿಗೆ ವರದಿ ಮಾಡುವ ವಿಶೇಷ ಅಧಿಕಾರಿಯ ಹುದ್ದೆಯೂ ಇದೆ. ಮಕ್ಕಳ ಸಂಖ್ಯೆ ಕಡಿಮೆಯಾದ ಭಾಷಾ ಅಲ್ಪಸಂಖ್ಯಾತ ವಿಭಾಗಕ್ಕೆ ಬೇರೆ ಅಳತೆಗೋಲು ಬೇಕೆಂದು ರಕ್ಷಕರು ಸಹಿ ಸಂಗ್ರಹಿಸಿ, ಪಂಚಾಯತಿನ ನಿರ್ಣಯದೊಂದಿಗೆ ಶಿಕ್ಷಣ ಇಲಾಖೆಗೆ, ಅಲ್ಲಿಂದ ಆ ಅಧಿಕಾರಿಯವರೆಗೆ ಒಯ್ಯಬಹುದು. ಆದರೆ ಆ ಕೆಲಸಕ್ಕೆ ಆರು ದಿನ ಸಾಲದು, ಹಿಂದಿನ ವರ್ಷದಲ್ಲೇ ಅದನ್ನು ಆರಂಭಿಸಿರಬೇಕು.